ಪೇಪರ್‌ವೇಟ್‌ಗೆ ನೀರು

ಠಕ್.

ಮೇಜಿನ ಗಾಜಿನ ಮೇಲೆ ಕಲ್ಲು ಇಟ್ಟ ಸದ್ದು ಅದು. ಡೊಂಬಿವಲಿ ಈಸ್ಟಿನ ಆ ಲೈಬ್ರರಿಯನ್ನು ನೆನೆದರೆ ನನಗೆ ಪುಸ್ತಕಗಳಿಗಿಂತ ಮೊದಲು ಈ ಸದ್ದು ಬರುತ್ತದೆ. ಮೇಲೆ ಫ್ಯಾನ್ ತಿರುಗುತ್ತಿರುತ್ತಿತ್ತು. ಕೆಳಗೆ ಮೆಂಬರುಗಳ ಕಾರ್ಡುಗಳ ರಾಶಿ. ಲೈಬ್ರರಿ ನಡೆಸುತ್ತಿದ್ದ ಬಾಯಿ ಎಡಗೈಯಲ್ಲಿ ಕಲ್ಲನ್ನೆತ್ತಿ, ಬಲಗೈಯಲ್ಲಿ ನಮ್ಮ ಕಾರ್ಡನ್ನು ಎಳೆದುಕೊಂಡು, ಉಳಿದವು ಹಾರುವ ಮೊದಲೇ ಕಲ್ಲನ್ನು ಕೆಳಗಿಡುತ್ತಿದ್ದರು. ಠಕ್. ಗಾಜು ಒಂದು ಮೂಲೆಯಲ್ಲಿ ಬಿರುಕು ಬಿಟ್ಟಿತ್ತು. ಅದಕ್ಕೂ ಈ ಕಲ್ಲೇ ಕಾರಣವೆಂದು ನನ್ನ ಗುಮಾನಿ.

ಕಪ್ಪು ಕಲ್ಲು, ಅಂಗೈ ತುಂಬುವಷ್ಟು. ಒಂದು ಕಡೆ ಗುಂಡಗೆ, ನಯವಾಗಿ. ಇನ್ನೊಂದು ಕಡೆ ಒಡೆದು, ಒಳಗೆ ಟಗರಿನ ಕೊಂಬಿನ ಹಾಗೆ ಸುರುಳಿ ಸುತ್ತಿದ ಗೆರೆಗಳು. ಎಷ್ಟೋ ಕಾಲ ನಾನು ಅದನ್ನು ಡೆಕೊರೇಷನ್ನಿನ ಕಲ್ಲು ಎಂದುಕೊಂಡಿದ್ದೆ, ದಟ್ಸ್ ಆಲ್.

ಆ ಕಡೆಯ ಮರಾಠಿ ಶಾಲೆಗಳಲ್ಲಿ ಟೀಚರನ್ನು ಬಾಯಿ ಎಂದು ಕರೆಯುತ್ತಾರೆ. ನಮ್ಮ ಬಾಯಿ ಕಲ್ಯಾಣದ ಶಾಲೆಯೊಂದರಲ್ಲಿ ಕಲಿಸಿ ರಿಟೈರ್ ಆದವರು. ಬೆಳಗಾವಿ ಕಡೆಯ ಲಿಂಗಾಯತರು, ಮದುವೆಯಾಗಿರಲಿಲ್ಲ. ಸ್ಟೇಷನ್ನಿನಿಂದ ನಮ್ಮ ಬಿಲ್ಡಿಂಗಿಗೆ ಬರುವ ದಾರಿಯಲ್ಲಿ ಅಂಗಡಿಯ ಜಾಗವೊಂದನ್ನು ಬಾಡಿಗೆಗೆ ಹಿಡಿದು ಸರ್ಕ್ಯುಲೇಟಿಂಗ್ ಲೈಬ್ರರಿ ತೆರೆದಿದ್ದರು. ಗೋಡೆಗಳ ತುಂಬ ಮರಾಠಿ, ಒಂದು ಮೂಲೆಯಲ್ಲಿ ಇಂಗ್ಲಿಷ್, ಬಾಗಿಲ ಹಿಂದೆ ಒಂದು ಕಪಾಟು ಕನ್ನಡ. ಆ ಕನ್ನಡದ ಕಪಾಟಿಗೆ ಕನ್ನಡನಾಡಿನ ಎರಡೂ ಕಡೆಯವರು ಬರುತ್ತಿದ್ದರು. ಹುಬ್ಬಳ್ಳಿ, ವಿಜಾಪುರದವರು, ಮತ್ತೆ ನಮ್ಮ ಹಾಗೆ ಘಟ್ಟದ ಕೆಳಗಿನವರು. ಒಬ್ಬರ ಕನ್ನಡ ಇನ್ನೊಬ್ಬರಿಗೆ ತಮಾಷೆ.

ಬಾಯಿಯವರ ಲೈಬ್ರರಿಗೆ ಒಂದು ಕಾನೂನಿತ್ತು. ಪುಸ್ತಕ ವಾಪಸ್ ಕೊಡುವಾಗ ಅದರೊಳಗಿಂದ ಅವರು ಒಂದು ಪ್ರಶ್ನೆ ಕೇಳುತ್ತಿದ್ದರು. ಉತ್ತರ ಬರದಿದ್ದರೆ ಅದೇ ಪುಸ್ತಕ ಮತ್ತೆ ನಿಮ್ಮ ಕೈಗೆ. ನಾನು ಮದುವೆಯಾಗಿ ಮಂಗಳೂರಿನಿಂದ ಬಂದ ಹೊಸತರಲ್ಲಿ ಇಂಗ್ಲಿಷ್ ಪತ್ತೇದಾರಿ ಕಾದಂಬರಿ ಒಯ್ದಿದ್ದೆ.

“ಓದೀಯೋ, ಬರೇ ಮನೀತನಕಾ ಅಡ್ಡಾಡಿಸಿ ತಂದೀಯೋ?”

“ಓದಿದೆ ಬಾಯಿ.”

“ಹಂಗಾರ ಹೇಳು, ಮುದುಕೀನ ಯಾರ ಕೊಂದ್ರು? ಯಾಕ ಕೊಂದ್ರು?”

ಕ್ಯೂನಲ್ಲಿ ನನ್ನ ಹಿಂದೆ ನಿಂತವರೊಬ್ಬರು, “ಹೇಳ್ಬೇಡ್ರಿ, ಅದ ಪುಸ್ತಕಾ ನಾ ಒಯ್ಯಾಂವ!” ಎಂದು ಕಿವಿ ಮುಚ್ಚಿಕೊಂಡರು. ನಾನು ಬಾಯಿಯವರ ಕಿವಿಯ ಹತ್ತಿರ ಬಾಗಿ ಪಿಸುಗುಟ್ಟಬೇಕಾಯಿತು. ನಮ್ಮ ಕಾನ್ವೆಂಟಿನ ಸಿಸ್ಟರ್‌ಗಳೂ ಇಷ್ಟು ಸ್ಟ್ರಿಕ್ಟ್ ಇರಲಿಲ್ಲ.

ಮಗಳು ಶಾಲೆಗೆ ಹೋಗತೊಡಗಿದ ಮೇಲೆ ಅವಳೂ ನನ್ನ ಜೊತೆ ಬರುತ್ತಿದ್ದಳು. ಎಪ್ಪತ್ತರ ದಶಕ ಮುಗಿಯುತ್ತ ಬಂದಿತ್ತು. ಇಂಗ್ಲಿಷ್ ಪುಸ್ತಕಗಳ ತೀರಾ ಕೆಳಗಿನ ಖಾನೆ ಅವಳ ಎತ್ತರಕ್ಕೆ ಸರಿಯಾಗಿತ್ತು, ಡೈನೋಸಾರ್ ಪುಸ್ತಕಗಳು ಇದ್ದದ್ದು ಅಲ್ಲಿ. ದಪ್ಪ ರಟ್ಟು, ವಿದೇಶೀ ಪ್ರಿಂಟಿಂಗಿನ ಒಂದು ಥರದ ವಾಸನೆ. ಮುಂಬಯಿಯ ಫುಟ್‌ಪಾತಿನಿಂದ ಬಾಯಿ ಆರಿಸಿ ತಂದವು. ಯಾವುದೋ ಮನೆಯ ಮಗು ಒಂದು ಪುಟದಲ್ಲಿ ಟಿರಾನೋಸಾರಸ್ಸಿಗೆ ಕೆಂಪು ಕ್ರೇಯಾನಿನಲ್ಲಿ ಮೀಸೆ ಬರೆದಿತ್ತು. ಆಗಿನ ಚಿತ್ರಗಳಲ್ಲಿ ಬ್ರಾಂಟೋಸಾರಸ್ ಹೊಟ್ಟೆಯವರೆಗೆ ಕೆಸರಿನಲ್ಲಿ ನಿಂತು, ಬಾಲ ಎಳೆದುಕೊಂಡು, ಬಹಳ ಬೇಜಾರಿನಲ್ಲಿರುವಂತೆ ಕಾಣುತ್ತಿತ್ತು. ಈಗಿನ ಪುಸ್ತಕಗಳಲ್ಲಿ ಅದು ಒಣನೆಲದಲ್ಲಿ ಬಾಲ ಎತ್ತಿ ಜೋರಾಗಿ ನಡೆಯುತ್ತದೆ, ಸಣ್ಣ ಪುಟ್ಟವಕ್ಕೆಲ್ಲ ಗರಿ ಬೇರೆ ಮೂಡಿದೆ. ಮೊಮ್ಮಕ್ಕಳ ಪುಸ್ತಕದಲ್ಲಿ ನೋಡುತ್ತೇನೆ. ಆದರೂ ನನಗೆ ಆ ಕೆಸರಿನದ್ದೇ ಇಷ್ಟ. ಸಿಲ್ಲಿ, ಐ ನೋ.

ಒಂದು ದಿನ ಮಗಳು ಪುಸ್ತಕ ತೆರೆದು ತಂದು ಬಾಯಿಯವರ ಮೇಜಿನ ಮೇಲೆ, ಕಲ್ಲಿನ ಪಕ್ಕಕ್ಕೆ ಹಿಡಿದಳು. ಡೈನೋಸಾರುಗಳು ಶುರುವಾಗುವ ಮೊದಲಿನ ಪುಟ. ಸಮುದ್ರದ ತಳ, ಅಲ್ಲಿ ಶಂಖದ ಹಾಗೆ ಸುತ್ತಿದ ಚಿಪ್ಪಿನೊಳಗಿಂದ ತೋಳು ಚಾಚಿದ ಪ್ರಾಣಿಗಳು. ಪಕ್ಕದಲ್ಲಿ ಅವುಗಳ ಫಾಸಿಲ್.

“ಅಮ್ಮಾ, ಬಘ್ ನಾ! ಬಾಯೀಂಚಾ ಪೇಪರ್‌ವೇಟ್!”

ನೋಡಮ್ಮ ಎಂದು ಅವಳು ಹೇಳಿದ್ದು ಮರಾಠಿಯಲ್ಲಿ. ಮನೆಯಲ್ಲಿ ತುಳು ಕೇಳಿ, ಕನ್ನಡ ಕೇಳಿ, ಉತ್ತರವನ್ನು ಮಾತ್ರ ಮರಾಠಿಯಲ್ಲಿ ಕೊಡುವ ಮಕ್ಕಳು ನಮ್ಮವು. ನಾನು ಕಲ್ಲನ್ನು ನೋಡಿದೆ, ಚಿತ್ರ ನೋಡಿದೆ. ಎರಡೂ ಒಂದೇ. ಅಮೊನೈಟ್ ಎಂದು ಬರೆದಿತ್ತು.

“ಹೌದು,” ಎಂದರು ಬಾಯಿ. “ನಮ್ಮ ತಮ್ಮಾನೂ ಅದನ್ನ ಹೇಳ್ತಿದ್ದ.”

ತಮ್ಮ ಮಿಲಿಟರಿಯಲ್ಲಿದ್ದನಂತೆ. ಹಿಮಾಲಯದ ಮೇಲೆ ಪೋಸ್ಟಿಂಗ್. ರಜೆಯಲ್ಲಿ ಬಂದಾಗ ಅಕ್ಕ ಇದೇ ಮೇಜಿನಲ್ಲಿ ಶಾಲೆಯ ಪೇಪರ್ ತಿದ್ದುತ್ತ ಕೂತಿದ್ದರು, ಫ್ಯಾನಿಗೆ ಹಾಳೆಗಳು ಹಾರುತ್ತಿದ್ದವು. ಅವನು ಟ್ರಂಕಿನಿಂದ ಕಲ್ಲು ತೆಗೆದು ಇಟ್ಟ. ‘ಅಕ್ಕಾ, ಸಮುದ್ರದ ಪ್ರಾಣಿ ಇದು, ಪರ್ವತದ ಮ್ಯಾಲ ಸಿಕ್ತು. ನಿನ್ನ ಹಾಳಿ ಕಾಯ್ಲಿ.’ ಆ ರಜೆ ಮುಗಿಸಿ ಹೋದವನು ಹಿಮ ಕುಸಿದು ಅಲ್ಲೇ ಉಳಿದುಬಿಟ್ಟ. ಮೇಜು ಮನೆಯಿಂದ ಲೈಬ್ರರಿಗೆ ಬಂತು, ಕಲ್ಲೂ ಮೇಜಿನ ಜೊತೆ ಬಂತು.

ಬಾಯಿ ಇಷ್ಟನ್ನು ಹೇಳಿ ಮಗಳ ಕಡೆ ತಿರುಗಿದರು. “ಏನ ಮಾರಾಯಳ, ಕಳದ ವಾರದ ಪುಸ್ತಕ ಎಲ್ಲಿ? ಮೂರ ಕೋಡಿಂದು ಯಾವುದು, ಹೇಳು.”

ಇಲ್ಲಿಗೆ ಮುಗಿಯಬಹುದಿತ್ತು. ಆದರೆ ಒಂದು ಮಧ್ಯಾಹ್ನ ನಾನು ಟೆರೇಸಿನ ಮೇಲೆ ಹಪ್ಪಳ ಒಣಹಾಕುತ್ತಿದ್ದೆ, ಮಗಳನ್ನು ಲೈಬ್ರರಿಗೆ ಕರೆದುಕೊಂಡು ಹೋದದ್ದು ಮಾವ.

ನನ್ನ ಮಾವ ಉಡುಪಿ ಕಡೆಯಿಂದ ಸಣ್ಣವರಿರುವಾಗಲೇ ಮುಂಬಯಿಗೆ ಬಂದು, ಹೋಟೆಲಿನಲ್ಲಿ ಕಪ್ಪು ತೊಳೆದು, ಕೊನೆಗೆ ಮಾಟುಂಗಾದ ಒಂದು ಹೋಟೆಲಿನ ಗಲ್ಲಾದಲ್ಲಿ ಕೂತು ರಿಟೈರ್ ಆದವರು. ಅತ್ತೆ ನಾನು ಬರುವ ಮೊದಲೇ ತೀರಿಕೊಂಡಿದ್ದರು. ಎರಡು ಕೋಣೆಯ ಮನೆಯಲ್ಲಿ, ಅಡುಗೆಮನೆಯ ಒಂದು ಗೂಡೇ ಅವರ ದೇವರಕೋಣೆ. ಅಲ್ಲಿ ಒಂದು ಪಟ, ಹೆಬ್ಬೆರಳಿನಷ್ಟು ಎತ್ತರದ ಒಂದು ಕೃಷ್ಣ. ಮನೆತನದ ಸಾಲಿಗ್ರಾಮ ಅವರ ಅಣ್ಣನ ಪಾಲಿಗೆ ಹೋಗಿತ್ತು. ಅದರ ಮಾತು ಬಂದರೆ ಮಾವ ಎದ್ದು ಗ್ಯಾಲರಿಗೆ ಹೋಗುತ್ತಿದ್ದರು. ನಮ್ಮಲ್ಲಿ ಸಾಲಿಗ್ರಾಮವೆಂದರೆ ದೇವರ ಮೂರ್ತಿಯಲ್ಲ, ದೇವರೇ. ಒಳಗೆ ಚಕ್ರವಿರುವ ಕಪ್ಪು ಕಲ್ಲು. ಅದಕ್ಕೆ ದಿನವೂ ನೀರು ಬೀಳಬೇಕು, ತುಳಸಿ ಬೀಳಬೇಕು. ತಪ್ಪಿಸುವಂತಿಲ್ಲ.

ಆ ದಿನ ಲೈಬ್ರರಿಯಿಂದ ಬಂದ ಮಾವ ಎಲೆಯ ಮುಂದೆ ಕೂತರು, ಅನ್ನ ಕಲಸಲಿಲ್ಲ. ನಾವು ಮನೆಯಲ್ಲಿ ಆಡುತ್ತಿದ್ದದ್ದು ತುಳು. ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ.

“ಎಂತಾಯ್ತು ಮಾವ? ಸಾರು ಸರಿ ಆಗಲಿಲ್ವಾ?”

“ಸಾರಿನ ವಿಷಯ ಅಲ್ಲ. ಆ ಅಮ್ಮ ಸಾಲಿಗ್ರಾಮವನ್ನು ಕಾಗದದ ಮೇಲೆ ಇಟ್ಟಿದ್ದಾರೆ.”

“ಅದು ಪೇಪರ್‌ವೇಟ್, ಮಾವ.”

“ಅದನ್ನೇ ಹೇಳುವುದು ನಾನು.”

ಮಗಳು ಕುಣಿದಳು. “ಅಜ್ಜಾ, ತೆ ಅಮೊನೈಟ್ ಆಹೆ! ಸಮುದ್ರಾತಲಾ ಪ್ರಾಣೀ!”

“ಸಮುದ್ರದ್ದೇ. ಮತ್ತೆ? ವಿಷ್ಣು ಇರುವುದೆಲ್ಲಿ, ಮಾಟುಂಗಾದಲ್ಲಾ?”

ಸಂಜೆ ಇವರು, ನನ್ನ ಗಂಡ, ಲೋಕಲ್ ರೈಲಿನಲ್ಲಿ ಹಿಂಡಿಹೋಗಿ ಬಂದವರು ಶರ್ಟು ಬಿಚ್ಚುತ್ತ ವಿಷಯ ಕೇಳಿದರು. “ಅಪ್ಪ, ಸಾಲಿಗ್ರಾಮ ಅಂದ್ರೆ ಗಂಡಕಿ ನದಿಯದ್ದಾಗಬೇಕಲ್ವಾ? ಇದು ಯಾವ ಬೆಟ್ಟದ್ದೋ ಏನೋ. ಮಠದವರನ್ನು ಕೇಳುವ.”

“ಕೇಳಿ, ಅವರು ಅಲ್ಲ ಅಂದ್ರೆ?”

“ಅಲ್ಲ ಅಂದ್ರೆ ಬಿಟ್ಟುಬಿಡಿ.”

“ಕಂಡದ್ದು ನನಗೆ. ಅವರು ಹೇಳಿದರೆ ನನಗೆ ಬಿಡ್ಲಿಕ್ಕೆ ಆಗ್ತದಾ?”

ಮಠಕ್ಕೆ ಯಾರೂ ಹೋಗಲಿಲ್ಲ. ಮಾವನಿಗೆ ಮಾತ್ರ ಒಂದೇ ಚಿಂತೆ. ದೇವರು ಡೊಂಬಿವಲಿಯವರೆಗೆ ಬಂದು, ಫ್ಯಾನಿನ ಕೆಳಗೆ ಕಾಗದ ಕಾಯುತ್ತ, ಬಾಯಾರಿ ಕೂತಿದ್ದಾನೆ. ಅದನ್ನು ಕೊಂಡು ತರುವಂತಿಲ್ಲ, ಸಾಲಿಗ್ರಾಮವನ್ನು ಕ್ರಯಕ್ಕೆ ತರಬಾರದು. ಬೇಡಿ ತರುವಂತೆಯೂ ಇಲ್ಲ. ಕೊಡುವವರಿಗೆ ತಾವಾಗಿ ಕೊಡಬೇಕು ಅನ್ನಿಸಬೇಕು.

ಮರುದಿನ ಬೆಳಿಗ್ಗೆ ಮಾವ ಸ್ನಾನ ಮಾಡಿ, ಒಗೆದ ಪಂಚೆ ಉಟ್ಟು, ಗ್ಯಾಲರಿಯ ಡಬ್ಬದ ತುಳಸಿಯಿಂದ ಕುಡಿ ಚಿವುಟಿಕೊಂಡು ಹೊರಟರು. ನೈಲಾನ್ ಚೀಲದಲ್ಲಿ ಒಂದು ಚಿಕ್ಕ ತಂಬಿಗೆ ನೀರು, ಒಂದು ಉದ್ಧರಣೆ. ಪೂಜೆಯ ಪುಟ್ಟ ತಾಮ್ರದ ಚಮಚವನ್ನು ನಾವು ಹಾಗೆ ಕರೆಯುವುದು. ಏನಾಗುತ್ತದೋ ಎಂದು ನಾನೂ ಹಿಂದೆ ಹೋದೆ.

“ಬರ್ರಿ ಕಾಕಾ,” ಎಂದರು ಬಾಯಿ. “ಏನ ಬೇಕಾಗಿತ್ರಿ?”

“ನನಗೆ ಎಂತದ್ದೂ ಬೇಡ. ಇವನಿಗೆ ಒಂದು ಉದ್ಧರಣೆ ನೀರು.”

“ಯಾರಿಗ್ರಿ?” ಬಾಯಿ ಬಾಗಿಲಿನಾಚೆ ಕತ್ತು ಚಾಚಿ ನೋಡಿದರು. ಮಾವ ಮೇಜಿನ ಮೇಲಿನ ಕಲ್ಲಿಗೆ ಕೈಮುಗಿದರು. ಆಗ ಬಾಯಿಯವರಿಗೆ ಅರ್ಥವಾಯಿತು. ಕುರ್ಚಿಯಲ್ಲಿ ನೆಟ್ಟಗೆ ಕೂತರು.

“ನೋಡ್ರಿ ಕಾಕಾ, ನನ್ನ ದೇವರು ನನ್ನ ಕೊರಳಾಗ ಅದಾನ. ದಿನಾ ಮುಂಜಾನೆ ಅವಂಗ ನೀರ ಹಾಕೇ ನಾ ಚಹಾ ಕುಡಿಯೂದು. ಇದು ನಮ್ಮ ತಮ್ಮ ಕೊಟ್ಟ ಕಲ್ಲು. ಕಲ್ಲು ಅಂತನ ಕೊಟ್ಟಾನ. ಇದನ್ನ ಕೊಡಾಕ ಆಗೂದಿಲ್ಲ.”

“ಕೊಡಿ ಅಂತ ನಾನು ಕೇಳ್ಲಿಲ್ಲ ಅಮ್ಮ. ಕೇಳ್ಲಿಕ್ಕೂ ಇಲ್ಲ ಅದನ್ನು. ನೀವಾಗಿ ಕೊಟ್ರೆ ತಗೊಳ್ಬಹುದು, ಅಷ್ಟೆ.”

“ಕೊಡೂದಿಲ್ಲ.”

“ಆಯ್ತಲ್ಲ. ನೀರು ಹಾಕಿ ಹೋಗ್ತೇನೆ.”

“ನನ್ನ ಕಾರ್ಡ್ ಒದ್ದಿ ಆದ್ರ?”

“ಒಂದು ಉದ್ಧರಣೆ ಅಮ್ಮ! ಡೊಂಬಿವಲಿಯಲ್ಲಿ ಕೊಡಪಾನಗಟ್ಟಲೆ ಅಭಿಷೇಕ ಮಾಡುವ ಧೈರ್ಯ ಯಾರಿಗುಂಟು?”

ಬಾಯಿ ಜೋರಾಗಿ ನಕ್ಕುಬಿಟ್ಟರು. ಆಗಿನ ಡೊಂಬಿವಲಿಯಲ್ಲಿ ನೀರು ಬೆಳಗಿನ ಜಾವ ಬಂದು, ನಾವು ಎರಡನೇ ಬಕೆಟ್ ಇಡುವುದರೊಳಗೆ ನಿಂತುಬಿಡುತ್ತಿತ್ತು. ನಗು ಮುಗಿದ ಮೇಲೆ ಟೀಚರ್ ಮುಖ ಮಾಡಿಕೊಂಡರು.

“ಮೆಂಬರ್ ಆಗ್ರಿ. ಮೆಂಬರ್ ಅಲ್ಲದವರು ಒಳಗ ಕೂಡಂಗಿಲ್ಲ. ಮೆಂಬರ್ ಆದವರು ಪುಸ್ತಕ ಒಯ್ಯಬೇಕು. ವಾಪಸ್ ಕೊಡುವಾಗ ನಾ ಕೇಳತೀನಿ, ಹೇಳಬೇಕು. ಕಾನೂನು ಎಲ್ಲಾರಿಗೂ ಒಂದ.”

ಹೀಗೆ ನನ್ನ ಮಾವ, ಪಂಚಾಂಗ ಮತ್ತು ಹಳೆಯ ವಾರಪತ್ರಿಕೆ ಬಿಟ್ಟು ಏನೂ ಓದದಿದ್ದವರು, ಲೈಬ್ರರಿ ಮೆಂಬರ್ ಆದರು. ಪುಸ್ತಕ ಆರಿಸುವ ಕೆಲಸ ಮೊಮ್ಮಗಳಿಗೆ ಬಿಟ್ಟರು. ಅವಳು ತನಗೆ ಇನ್ನೊಂದು ಕಾರ್ಡ್ ಸಿಕ್ಕಿತೆಂದು ಖುಷಿಪಟ್ಟು ಕೆಳಗಿನ ಖಾನೆಯಿಂದಲೇ ಎಲ್ಲ ಆರಿಸಿದಳು.

ದಿನಾ ಬೆಳಿಗ್ಗೆ ಲೈಬ್ರರಿ ತೆರೆಯುವ ಹೊತ್ತಿಗೆ ಮಾವ ಅಲ್ಲಿ. ಕಿಟಕಿಯ ಕಟ್ಟೆಯ ಮೇಲೆ ಸ್ಟೀಲಿನ ತಟ್ಟೆ, ತಟ್ಟೆಯಲ್ಲಿ ಕಲ್ಲು. ಉದ್ಧರಣೆಯಲ್ಲಿ ನೀರು, ತುಳಸಿ, ತುಟಿಯೊಳಗೇ ಮಂತ್ರ. ಅಷ್ಟು ಹೊತ್ತು ಬಾಯಿ ಕಾರ್ಡುಗಳ ಮೇಲೆ ಒಂದು ದಪ್ಪ ಡಿಕ್ಷನರಿ ಇಟ್ಟುಕೊಂಡು ಕಾಯುತ್ತಿದ್ದರು. “ಮುಗೀತೇನ್ರಿ ನಮ್ಮ ತಮ್ಮನ ಕಲ್ಲಿನ ಜಳಕಾ?” ಎಂದು ಕೇಳುತ್ತಿದ್ದರು. ಮಾವ ಪಂಚೆಯ ಸೆರಗಿನಲ್ಲಿ ಒರೆಸಿ ತಾವೇ ತಂದು ಮೇಜಿನ ಮೇಲಿಡುತ್ತಿದ್ದರು. ಅವರು ಇಟ್ಟರೆ ಸದ್ದಾಗುತ್ತಿರಲಿಲ್ಲ.

ಪುಸ್ತಕ ಓದಿ ಹೇಳುವ ಕೆಲಸ ನನ್ನದು. ಮಧ್ಯಾಹ್ನ ಊಟವಾದ ಮೇಲೆ ಮಾವ ಗೋಡೆಗೆ ಒರಗಿ ಕೂರುವರು, ನಾನು ಅಕ್ಕಿ ಆರಿಸುತ್ತ, ಮೊಣಕಾಲ ಮೇಲೆ ಪುಸ್ತಕ ಇಟ್ಟುಕೊಂಡು ಇಂಗ್ಲಿಷ್ ಓದಿ ತುಳುವಿನಲ್ಲಿ ಹೇಳುವೆ. ಕಾನ್ವೆಂಟಿನಲ್ಲಿ ನನಗೆ ಎಲೊಕ್ಯೂಷನ್ ಪ್ರೈಜ್ ಬಂದಿತ್ತು. ಅದು ಉಪಯೋಗಕ್ಕೆ ಬಂದದ್ದು ಈ ಒಬ್ಬ ಶ್ರೋತೃವಿಗೆ. ಮಾವ ಹೋಟೆಲಿನವರ ತಲೆಯಲ್ಲಿ ಎಲ್ಲವನ್ನೂ ಕೇಳುತ್ತಿದ್ದರು.

“ಬ್ರಾಂಟೋಸಾರಸ್ ಬರೀ ಸೊಪ್ಪು ತಿನ್ನುತ್ತಿತ್ತಂತೆ, ಮಾವ.”

“ಇಷ್ಟು ದೊಡ್ಡ ಹೊಟ್ಟೆಗೆ ಸೊಪ್ಪಾ? ಬೆಳಗಿಂದ ಸಂಜೆವರೆಗೆ ಪಂಕ್ತಿಯಿಂದ ಏಳ್ಲಿಕ್ಕಿಲ್ಲ ಅದು.”

ಟಿರಾನೋಸಾರಸ್ಸಿನ ಚಿತ್ರ ತೋರಿಸಿದರೆ, “ಪಾಪ, ಕೈ ಬಾಯಿಗೆ ಎಟಕುವುದೇ ಇಲ್ಲ. ಬಡಿಸುವವರು ಬೇಕು,” ಎಂದರು.

ಫಾಸಿಲ್ ಹುಡುಕಿದವರ ಕಥೆಗಳನ್ನು ಮಾತ್ರ ತಮಾಷೆ ಮಾಡದೆ ಕೇಳುತ್ತಿದ್ದರು. ಇಂಗ್ಲೆಂಡಿನ ಸಮುದ್ರದಂಡೆಯಲ್ಲಿ ಬಂಡೆ ಒಡೆದು ಒಡೆದು ದೊಡ್ಡ ದೊಡ್ಡ ಎಲುಬುಗೂಡು ತೆಗೆದ ಬಡವರ ಮನೆಯ ಹುಡುಗಿಯ ಕಥೆಯನ್ನು ಮತ್ತೆ ಹೇಳಿಸಿದರು. ಮಳೆ, ಗುಡ್ಡ ಕುಸಿತ, ಆದರೂ ಅವಳು ದಿನಾ ಹೋಗುತ್ತಿದ್ದಳು ಎಂಬಲ್ಲಿ, “ದಿನಾ ಹೋಗ್ಬೇಕು. ಅದೇ,” ಎಂದರು.

ಒಂದು ಪುಸ್ತಕದಲ್ಲಿ ನಮ್ಮ ಕಡೆಯ ನೆಲದ ಮಾತೇ ಇತ್ತು. ಡೈನೋಸಾರುಗಳ ಕಾಲ ಮುಗಿಯುವ ಸುಮಾರಿಗೆ ಪಶ್ಚಿಮ ಭಾರತದಲ್ಲಿ ಲಾವಾ ಉಕ್ಕಿ ಹರಿದು, ಅದೇ ಆರಿ ಈ ಕಪ್ಪು ಬಂಡೆಗಳಾದವಂತೆ. ನಾನು ಅಕ್ಕಿಯ ಮೊರ ಕೆಳಗಿಟ್ಟು ಗ್ಯಾಲರಿಗೆ ಹೋಗಿ ದೂರದ ಗುಡ್ಡಗಳನ್ನು ನೋಡಿದೆ. ನೀರಿಲ್ಲ, ಕೆಮಿಕಲ್ ವಾಸನೆ, ರೈಲಿನಲ್ಲಿ ಕಾಲಿಡಲು ಜಾಗವಿಲ್ಲ ಎಂದು ನಾವು ದಿನವೂ ಬೈಯುತ್ತಿದ್ದ ಊರು ಇಂಥ ಕಲ್ಲಿನ ಮೇಲೆ ಕೂತಿದೆ ಎಂದು ಯಾರೂ ನನಗೆ ಹೇಳಿರಲಿಲ್ಲ. ಮಗಳು ಬಿಲ್ಡಿಂಗಿನ ಹಿಂದೆ ಅಗೆದು ಒಂದು ಎಲುಬು ತಂದಳು. ಮೇಕೆಯದ್ದು. ಆಫ್ ಕೋರ್ಸ್, ಅವಳಿಗೆ ಹೇಳಲಿಲ್ಲ.

ಅಮೊನೈಟುಗಳೂ ಡೈನೋಸಾರುಗಳ ಜೊತೆಗೇ ಅಳಿದವು, ಯಾಕೆಂದು ಖಚಿತವಾಗಿ ಗೊತ್ತಿಲ್ಲ, ಎಂದು ಆ ಪುಸ್ತಕ ಮುಗಿಯುತ್ತಿತ್ತು. ಅದನ್ನು ಓದಿ ಹೇಳಿದ ದಿನ ಮಾವ ಪುಸ್ತಕವನ್ನು ತಮ್ಮ ಕಡೆ ಎಳೆದುಕೊಂಡು ಆ ಚಿತ್ರ ನೋಡಿದರು.

“ಹಾಗಾದ್ರೆ ಇವನಿಗೆ ತನ್ನವರು ಅಂತ ಯಾರೂ ಉಳೀಲಿಲ್ಲ,” ಎಂದರು.

ಆ ಮಳೆಗಾಲ ಮಾವನಿಗೆ ಕಾಮಾಲೆಯಾಯಿತು. ಡೊಂಬಿವಲಿಯಲ್ಲಿ ಮನೆಗೊಬ್ಬರಂತೆ ಬಿದ್ದಿದ್ದರು. ಕಣ್ಣು ಹಳದಿ, ಏಳುವ ಶಕ್ತಿಯಿಲ್ಲ. ಸಂಜೆ ನಾನು ಗಂಜಿ ತಂದಾಗ ಒಂದೇ ಪ್ರಶ್ನೆ.

“ಇವತ್ತು ನೀರು ಬಿತ್ತಾ?”

“ಇಲ್ಲ, ಮಾವ.”

ಅವರು ಗೋಡೆಯ ಕಡೆ ಹೊರಳುತ್ತಿದ್ದರು. ನಮ್ಮಲ್ಲಿ ಹೆಂಗಸರು ಸಾಲಿಗ್ರಾಮ ಮುಟ್ಟುವ ಪದ್ಧತಿ ಇಲ್ಲ. ಇವರು ಬೆಳಿಗ್ಗೆ ಲೈಬ್ರರಿ ತೆರೆಯುವ ಮೊದಲೇ ರೈಲು ಹತ್ತಬೇಕು, ಭಾನುವಾರ ಮಾತ್ರ ಹೋಗಿ ಹಾಕಿ ಬರುತ್ತಿದ್ದರು. ಮಾವನ ಸಂಕಟ ನೋಡಲಾರದೆ ನಾನು ಬಾಯಿಯವರ ಹತ್ತಿರ ಹೋದೆ. “ಬಾಯಿ, ನೀವು ದಿನಾ ಅದನ್ನು ಎತ್ತಿ ಇಡ್ತೀರಿ. ಒಂದು ತೊಟ್ಟು ನೀರು ನೀವೇ ಹಾಕ್ತೀರಾ? ಅವರು ಹುಷಾರಾಗುವವರೆಗೆ?”

ಬಾಯಿ ಕಲ್ಲಿನ ಮೇಲೆ ಕೈಯಿಟ್ಟರು. “ಇಲ್ಲವಾ. ಕಾಕಾ ಹಾಕಿದ್ರ ಅದು ಅವರ ಭಕ್ತಿ. ನಾ ನೋಡ್ಕೋತ ಕೂಡತೀನಿ. ನಾನ ಹಾಕಿದ್ರ ಇದು ನಮ್ಮ ತಮ್ಮನ ಕಲ್ಲಾಗಿ ಉಳಿಯೂದಿಲ್ಲ. ನನ್ನ ಕಡೆ ಅವಂದು ಇರೂದು ಇದೊಂದ.”

ನಾನು ಮನೆಗೆ ವಾಪಸ್ ಬಂದು ಗಂಜಿಗೆ ಅಕ್ಕಿ ಹಾಕಿದೆ.

ಮಾವ ಎದ್ದು ಓಡಾಡುವಂತಾದ ಮೊದಲ ದಿನ ಬಾಗಿಲ ಚೌಕಟ್ಟು ಹಿಡಿದುಕೊಂಡೇ ಲೈಬ್ರರಿಗೆ ಹೊರಟರು. ದಾರಿಯಲ್ಲಿ ಎರಡು ಕಡೆ ಕೂತರು. ಬಾಯಿ ಅವರನ್ನು ಕಂಡು, “ಬರ್ರಿ ಕಾಕಾ, ದಂಡ ಭಾಳ ಆಗೇದ ನಿಮ್ಮ ಪುಸ್ತಕದ್ದು, ಮಾಫ್ ಮಾಡೀನಿ,” ಎಂದು ತಾವೇ ತಟ್ಟೆ ತಂದು ಕಿಟಕಿಯಲ್ಲಿಟ್ಟರು.

ಕೆಲವು ವರ್ಷ ಹೀಗೇ ನಡೆಯಿತು. ಆಮೇಲೆ ಮನೆಮನೆಗೆ ಟಿವಿ ಬಂತು, ಪಕ್ಕದ ಅಂಗಡಿಯಲ್ಲಿ ವಿಡಿಯೊ ಕ್ಯಾಸೆಟ್ ಬಾಡಿಗೆಗೆ ಸಿಗತೊಡಗಿತು. ಲೈಬ್ರರಿಯ ಜಾಗದ ಮಾಲೀಕ ತನಗೆ ಬೇಕು ಎಂದ. ಬಾಯಿ ತಮ್ಮ ಪಿಂಚಣಿಯ ದುಡ್ಡಿನಲ್ಲಿ ವಾಶಿಯಲ್ಲಿ ಒಂದು ಸಣ್ಣ ಫ್ಲಾಟ್ ತೆಗೆದುಕೊಂಡಿದ್ದರು. ಆಗ ನವಿ ಮುಂಬಯಿ ಎಂದರೆ ನಮಗೆ ಬೇರೆಯೇ ದೇಶ. ಅಗಲ ರಸ್ತೆ, ಜನವೇ ಇಲ್ಲ, ಅಲ್ಲಿಗೆ ರೈಲೂ ಇರಲಿಲ್ಲ.

ಕೊನೆಯ ದಿನ ನಾವು ಮೂವರೂ ಹೋಗಿದ್ದೆವು. ಕಪಾಟುಗಳು ಖಾಲಿ. ಮರಾಠಿ ಪುಸ್ತಕಗಳು ಯಾವುದೋ ಶಾಲೆಗೆ ಹೋಗಿದ್ದವು. ಬಾಯಿ ಮಗಳನ್ನು ಕರೆದು ಮೀಸೆಯ ಟಿರಾನೋಸಾರಸ್ ಇದ್ದ ಪುಸ್ತಕವನ್ನು ಅವಳ ಕೈಗಿಟ್ಟರು. ಅವಳು ಆಗ ಹೈಸ್ಕೂಲು, ಎರಡು ಜಡೆ. ಆದರೂ ಪುಸ್ತಕವನ್ನು ಎದೆಗೆ ಒತ್ತಿಕೊಂಡಳು.

ಮಾವ ಕಿಟಕಿಯಲ್ಲಿ ತಮ್ಮ ಕೆಲಸ ಮುಗಿಸಿದರು. ಅಂದು ಮಂತ್ರ ಸ್ವಲ್ಪ ಉದ್ದವಾಯಿತು. ಕಲ್ಲನ್ನು ಒರೆಸಿ, ಖಾಲಿ ಮೇಜಿನ ಮೇಲೆ ಇಟ್ಟರು. ಕಾಯಲು ಕಾರ್ಡುಗಳೇ ಇರಲಿಲ್ಲ. ನಾನು ಬಾಯಿಯವರ ಮುಖವನ್ನೇ ನೋಡುತ್ತಿದ್ದೆ. ಈಗ ಹೇಳುತ್ತಾರೆ, ತಗೋರಿ ಕಾಕಾ ಎನ್ನುತ್ತಾರೆ ಎಂದು. ಮಾವ ನೋಡುತ್ತಿದ್ದದ್ದು ನೆಲವನ್ನು. ಕೇಳಬಾರದು, ಕಣ್ಣಿನಲ್ಲೂ ಕೇಳಬಾರದು ಎಂದಿರಬೇಕು.

ಬಾಯಿ ಕಲ್ಲನ್ನು ಕರ್ಚೀಫಿನಲ್ಲಿ ಸುತ್ತಿ ತಮ್ಮ ಪರ್ಸಿನೊಳಗೆ ಹಾಕಿಕೊಂಡರು.

ಮಾವ ತಲೆಯಾಡಿಸಿದರು. ಹೊರಡುವಾಗ ನೈಲಾನ್ ಚೀಲದಿಂದ ಉದ್ಧರಣೆ ತೆಗೆದು ಮೇಜಿನ ಮೇಲಿಟ್ಟರು.

“ಇದ್ಯಾಕ್ರಿ ನನಗ?”

“ಇರಲಿ ಅಮ್ಮ. ಉಪ್ಪಿನಕಾಯಿ ಬಡಿಸ್ಲಿಕ್ಕೆ ಆಗ್ತದೆ.”

ಎರಡು ದಿನ ಕಳೆಯಿತು. ಆಮೇಲೆ ಮಾವ ಇವರನ್ನು ಕೇಳಿದರು, “ವಾಶಿಯಲ್ಲಿ ನೀರು ಹೇಗೆ?”

“ಇಡೀ ದಿನ ಬರ್ತದಂತೆ ಅಪ್ಪ. ನಳ ತಿರುಗಿಸಿದ್ರೆ ಸಾಕು.”

“ಒಳ್ಳೇದಾಯ್ತು,” ಎಂದರು ಮಾವ. ಆದರೆ ನಳದಲ್ಲಿ ಬರುವುದಕ್ಕೂ ಕಲ್ಲಿನ ಮೇಲೆ ಬೀಳುವುದಕ್ಕೂ ನಡುವೆ ಎಷ್ಟು ದೂರವಿದೆಯೆಂದು ಅವರಿಗೆ ಗೊತ್ತಿತ್ತು. ಗೂಡಿನ ಕೃಷ್ಣನಿಗೆ ಪೂಜೆ ಮಾಡಿ ಎದ್ದವರು ಅಭ್ಯಾಸಬಲದಿಂದ ಚಪ್ಪಲಿ ಮೆಟ್ಟಿ ಬಾಗಿಲವರೆಗೆ ಹೋಗಿ ವಾಪಸ್ ಬರುತ್ತಿದ್ದರು.

ಮರುವರ್ಷ ಅಷ್ಟಮಿ ಮುಗಿದ ಮೇಲೆ ನನ್ನ ಕೈಗೆ ಡಬ್ಬಿ ಕೊಟ್ಟರು. “ಆ ಅಮ್ಮನಿಗೆ ಚಕ್ಕುಲಿ, ಉಂಡೆ ಕೊಟ್ಟು ಬಾ. ಒಬ್ಬರೇ ಇರುವುದು.” ಅಷ್ಟೇ ಹೇಳಿದರು. ಯಾವ ಕೆಲಸಕ್ಕೆ ಕಳಿಸುತ್ತಿದ್ದಾರೆಂದು ನನಗೂ ಗೊತ್ತಿತ್ತು, ಅವರಿಗೂ ಗೊತ್ತಿತ್ತು.

ಬಸ್ಸು ಶೀಳ್ ಫಾಟಾದಲ್ಲಿ ತಿರುಗಿ ಮಹಾಪೆಯ ಕಡೆ ಇಳಿಯಿತು. ಗುಡ್ಡಗಳನ್ನು ಕ್ವಾರಿಯವರು ಕಡಿದು, ಒಳಗಿನ ಕಪ್ಪು ಕಲ್ಲು ಹೊರಗೆ ಕಾಣುತ್ತಿತ್ತು. ಮಳೆಯ ಹಸಿರಿನ ನಡುವೆ ಆ ಕಪ್ಪು. ಆ ಪುಸ್ತಕದ ಪುಟ ನೆನಪಾಗಿ ನಾನು ಕಿಟಕಿಯಿಂದ ಕಣ್ಣು ತೆಗೆಯಲಿಲ್ಲ.

ಬಾಯಿ ಸಣ್ಣಗಾಗಿದ್ದರು. ದನಿ ಅದೇ. “ಬಾರವಾ, ಬಾ. ಕಾಕಾ ಹೆಂಗದಾರ? ಇಲ್ಲಿ ಮಾತಾಡಾಕ ಮನಶ್ಯಾರ ಇಲ್ಲ ನೋಡು, ಬರೇ ಗಾಳಿ.” ಹಳೆಯ ಮೇಜು ಹೊರಗಿನ ಕೋಣೆಯಲ್ಲಿತ್ತು. ಬಿರುಕಿನ ಗಾಜಿನ ಮೇಲೆ ನ್ಯೂಸ್‌ಪೇಪರ್, ಅದರ ಮೇಲೆ ಡಿಕ್ಷನರಿ. ಕಲ್ಲು ಇರಲಿಲ್ಲ. ಕೋಣೆಯ ಮೂಲೆಮೂಲೆಯನ್ನೂ ನೋಡಿದೆ. ಚಹಾ ಮಾಡುತ್ತೇನೆ ಎಂದು ಅವರು ಎದ್ದಾಗ ಹಿಂದೆಯೇ ಅಡುಗೆಮನೆಗೆ ಹೋದೆ.

ಕಿಟಕಿಯ ಕಟ್ಟೆಯ ಮೇಲೆ ಸ್ಟೀಲಿನ ತಟ್ಟೆ. ತಟ್ಟೆಯಲ್ಲಿ ಕಲ್ಲು, ಪಕ್ಕದಲ್ಲಿ ಉದ್ಧರಣೆ. ಕಲ್ಲು ಒದ್ದೆಯಾಗಿತ್ತು, ಸುರುಳಿಯ ಗೆರೆಗಳಲ್ಲಿ ನೀರು ನಿಂತಿತ್ತು.

ನಾನು ನೋಡಿದ್ದನ್ನು ಬಾಯಿ ನೋಡಿದರು. ಸ್ಟೋವಿನ ಕಡೆ ತಿರುಗಿಕೊಂಡೇ ಹೇಳಿದರು.

“ಪೂಜಾ ಗೀಜಾ ಏನಲ್ಲ ಮತ್ತ. ನನ್ನ ಲಿಂಗಪೂಜಾ ಆದ ಮ್ಯಾಲ ತಂಬಿಗ್ಯಾಗ ನೀರ ಉಳೀತಾವ. ಚೆಲ್ಲೂದ್ಯಾಕ ಅಂತ. ಡೊಂಬಿವಲ್ಯಾಗ ಇದ್ದಕಿ ನಾ, ನೀರ ಚೆಲ್ಲಾಕ ಕೈ ಬರೂದಿಲ್ಲ.”

“ತಮ್ಮನ ಕಲ್ಲು ಅಂತಿದ್ರಿ, ಬಾಯಿ.”

“ತಮ್ಮಂದ. ಅವಂಗೂ ಅಲ್ಲಿ ಭಾಳ ಥಂಡಿ ಇತ್ತು, ದಿನಾ ಜಳಕಾ ಇದ್ದಿದ್ದಿಲ್ಲ ಅಂತಿದ್ದ.” ಸಕ್ಕರೆ ಹಾಕಿದರು, ಕಲಕಿದರು. “ಇಲ್ಲಿಗೆ ಬಂದ ಮ್ಯಾಲ ಮುಂಜಾನೆ ಯಾರೂ ಬರವಲ್ರು. ಆ ಹೊತ್ತಿಗೆ ಕಿವಿ ಬಾಗಿಲದ ಕಡೆ. ಕಾಕಾರ ಚೀಲದ ಸಪ್ಪಳಾ ಕೇಳೂ ಹೊತ್ತು. ಏನ ಮಾಡ್ಲಿ?”

ಸಂಜೆ ಮನೆಗೆ ಬಂದು ಮಾವನಿಗೆ ಹೇಳಿದೆ, “ನೀರು ಬೀಳ್ತಾ ಉಂಟು, ಮಾವ. ದಿನಾ.” ಯಾರು ಹಾಕುವುದು ಎಂದು ಅವರು ಕೇಳಲಿಲ್ಲ. ಲಿಂಗಪೂಜೆಯಲ್ಲಿ ಉಳಿದ ನೀರು ಎಂದು ನಾನೂ ಹೇಳಲಿಲ್ಲ. ಅಂದು ಅವರು ಸಾರಿಗೆ ಇನ್ನೊಂದು ಸಲ ಅನ್ನ ಹಾಕಿಸಿಕೊಂಡರು. ಎರಡು ಚಳಿಗಾಲ ಕಳೆದು ಅವರು ಹೋದರು, ನಿದ್ದೆಯಲ್ಲಿ. ಅಷ್ಟರಲ್ಲಿ ಬಾಯಿಯವರನ್ನು ಅವರ ಅಣ್ಣನ ಮಕ್ಕಳು ಬೆಳಗಾವಿಗೆ ಕರೆದುಕೊಂಡು ಹೋಗಿದ್ದರಂತೆ. ವಾಶಿಯ ಫ್ಲಾಟಿನಲ್ಲಿ ಬೇರೆ ಯಾರೋ ಇದ್ದರು.

ಹಾಗಾಗಿ ನಾನು ಬಾಯಿಯವರನ್ನು ಕೊನೆಯ ಸಲ ನೋಡಿದ್ದು ಚಕ್ಕುಲಿ ಕೊಟ್ಟು ಬಂದ ಆ ದಿನವೇ. ಬೇಡವೆಂದರೂ ಬಸ್‌ಸ್ಟಾಪಿನವರೆಗೆ ಬಂದರು. ನಮ್ಮ ಡಬ್ಬಿಯನ್ನು ಖಾಲಿ ಕೊಡಬಾರದೆಂದು ಶೇಂಗಾ ಚಟ್ನಿ ತುಂಬಿ ಕೊಟ್ಟಿದ್ದರು. ಸಮುದ್ರದ ಖಾಡಿಯ ಕಡೆಯಿಂದ ಗಾಳಿ ಬೀಸಿ ಅವರ ಸೆರಗು ನಿಲ್ಲುತ್ತಿರಲಿಲ್ಲ. ಬಸ್ಸು ಬಂತು, ನಾನು ಹತ್ತಿ ಕಿಟಕಿಯ ಪಕ್ಕ ಕೂತೆ.

“ನಿನ್ನ ಮಗಳಿಗೆ ಹೇಳು,” ಎಂದು ಕೆಳಗಿನಿಂದ ಕೂಗಿದರು, “ಆ ಪುಸ್ತಕಾ ಪುಕ್ಕಟೆ ಕೊಟ್ಟಿಲ್ಲ ಅಂತ. ಬಂದ ಹೇಳಬೇಕು. ನಾ ಕೇಳಾಕಿ!”

ಹೇಳುತ್ತೇನೆ ಎಂದೆ. ಕಂಡಕ್ಟರ್ ಬೆಲ್ ಎಳೆದ. ಬಾಯಿ ಒಂದು ಕೈಯಲ್ಲಿ ಸೆರಗನ್ನು ಗಟ್ಟಿಯಾಗಿ ಹಿಡಿದುಕೊಂಡು, ಇನ್ನೊಂದು ಕೈಯನ್ನು ಬಿಸಿಲಿಗೆ ಅಡ್ಡ ಹಿಡಿದು, ಆ ಅಗಲ ರಸ್ತೆಯ ಬದಿಯಲ್ಲಿ ಒಬ್ಬರೇ ನಿಂತಿದ್ದರು.